ಎತ್ಕೋಬಹುದಂತೆ

"ಮೊಮ್ಮಗೂನ ಎತ್ಕೋಬಹುದಾ ಡಾಕ್ಟ್ರೇ?"

ಮಂಗಳವಾರದಿಂದ ಈ ಮಾತು ನನ್ನ ಕಿವಿಯಲ್ಲೇ ಇದೆ. ಅಕ್ಕನ ಕೈ, ಕುತ್ತಿಗೆ ತುಂಬ ನೀರುಗುಳ್ಳೆ. ಒಂದು ಕಣ್ಣು ಬಾತು ಮುಚ್ಚಿಹೋಗಿತ್ತು. ಉರಿ, ತುರಿಕೆ ಅಂತ ಒಂದು ಮಾತಿಲ್ಲ. ಕೇಳಿದ್ದು ಇದೊಂದೇ.

ಅಕ್ಕ ಇಪ್ಪತ್ತು ವರ್ಷದಿಂದ ತೀರ್ಥಹಳ್ಳಿ ಹತ್ತಿರದ ನಮ್ಮ ಅಡಿಕೆ ತೋಟದ ಕೆಲಸಕ್ಕೆ ಬರುತ್ತಾರೆ. ಕಳೆದ ವಾರ ಸೊಪ್ಪಿನಬೆಟ್ಟದಲ್ಲಿ, ಅಂದರೆ ತೋಟದ ಗೊಬ್ಬರಕ್ಕೆ ಸೊಪ್ಪು ತರುವ ಕಾಡಿನಲ್ಲಿ, ಸೊಪ್ಪು ಕಡಿಯುವಾಗ ಹೊಲಗೇರು ಅನ್ನುವ ಕಾಡುಮರದ ಕೊಂಬೆಗೂ ಕತ್ತಿ ಬಿದ್ದಿದೆ. ಅದರ ಸೊನೆ ತಾಗಿದ ಕೂಡಲೇ ಏನೂ ಗೊತ್ತಾಗುವುದಿಲ್ಲ. ಮೈಮೇಲೆ ಗುಳ್ಳೆ ಏಳುವುದು ಒಂದೆರಡು ದಿನ ಬಿಟ್ಟು. ಮಾವಿನ ಸೊನೆ, ಗೋಡಂಬಿ ಸಿಪ್ಪೆಯ ಎಣ್ಣೆಯೂ ಇದೇ ಜಾತಿಯ ಉರಿ. ಆದರೆ ಅವನ್ನು ಎಲ್ಲರೂ ಬಲ್ಲರು. ಇದಕ್ಕೆ ಮಾತ್ರ ಕಥೆ ಜಾಸ್ತಿ. ಮರದ ನೆರಳು ಬಿದ್ದಿದೆ ಅಂದರು, ಸರ್ಪಸುತ್ತು ಅಂದರು. ದಿನಕ್ಕೊಂದು ಹೊಸ ಗುಳ್ಳೆ ಎದ್ದಾಗ ಅಂಟುರೋಗ ಅಂದರು. ಅಕ್ಕನ ಚಾಪೆ, ತಟ್ಟೆ ಜಗಲಿಗೆ ಬಂದವು. ಸೊಸೆ ಕೆಟ್ಟವಳಲ್ಲ, ಕೂಸಿನ ತಾಯಿ, ಹೆದರಿದ್ದಳು. ಹೆದರಿಸಿದವರ ಮೇಲೆ ನನಗೆ ಇನ್ನೂ ಸಿಟ್ಟಿದೆ.

"ಗುಳ್ಳೆ ನೀರಿಂದ ಯಾರಿಗೂ ಹರಡಲ್ಲಮ್ಮ" ಅಂದರು ಡಾಕ್ಟರು. "ಸ್ನಾನ ಮಾಡಿ, ಒಗೆದ ಬಟ್ಟೆ ಉಟ್ಟು ಎತ್ಕೊಳ್ಳಿ. ಆವತ್ತಿನ ಕತ್ತಿ, ಬಟ್ಟೆ ತೊಳೆದಿದ್ದೀರಾ?"

ಅಕ್ಕ ನನ್ನ ಮುಖ ನೋಡಿದರು. ಕತ್ತಿ ನಮ್ಮದು. ಕೊಟ್ಟಿಗೆಯಲ್ಲಿತ್ತು. ಹಿಡಿಯ ಮೇಲೆ ಸೊನೆ ಕಪ್ಪಾಗಿ ಒಣಗಿತ್ತು. ಗುಳ್ಳೆ ಏಳುವವರೆಗೂ ಅದನ್ನೇ ಹಿಡಿದು ಕೆಲಸ ಮಾಡಿದ್ದರು. ಒಣಗಿದರೂ ಸೊನೆಯ ವಿಷ ಹೋಗುವುದಿಲ್ಲವಂತೆ. ತಾಗಿದ ಕೂಡಲೇ ಸೋಪು ಹಚ್ಚಿ ತಣ್ಣೀರಲ್ಲಿ ಚೆನ್ನಾಗಿ ತೊಳೆದಿದ್ದರೆ ಇಷ್ಟು ಆಗುತ್ತಿರಲಿಲ್ಲ. ಆ ಕೊಂಬೆ ಸುಡಲೂಬಾರದು, ಹೊಗೆ ಇನ್ನೂ ಅಪಾಯ. ಕೊಟ್ಟ ಮಾತ್ರೆ, ಉರಿ ಇಳಿಯಿತು ಅಂತ ನಡುವೆ ಬಿಡಬಾರದು.

ನಮ್ಮ ತೋಟ ನಿಂತಿರುವುದೇ ಬೆಟ್ಟದ ಸೊಪ್ಪಿನ ಮೇಲೆ. ಅದನ್ನು ಹೊತ್ತು ತರುವವರಿಗೆ ನಾವು ಕತ್ತಿ ಕೊಡುತ್ತೇವೆ, ಕಾಫಿ ಕೊಡುತ್ತೇವೆ. ಒಂದು ತುಂಬುತೋಳಿನ ಅಂಗಿ, ಬಾವಿಕಟ್ಟೆಯಲ್ಲಿ ಒಂದು ಸೋಪು ಇಡಬೇಕು ಅಂತ ಇಪ್ಪತ್ತು ವರ್ಷದಲ್ಲಿ ನನಗೆ ಹೊಳೆಯಲಿಲ್ಲ. ಯಾವ ಮರ ಹೊಲಗೇರು ಅಂತ ಅಕ್ಕನಿಗೆ ನನಗಿಂತ ಚೆನ್ನಾಗಿ ಗೊತ್ತು. ಆದರೆ ಸಂಜೆಯೊಳಗೆ ಇಷ್ಟು ಹೊರೆ ಆಗಬೇಕು ಅಂದವಳು ನಾನು. ಆ ಅವಸರದಲ್ಲಿ ಮರ ನೋಡಿ ಕಡಿಯಲು ಯಾರಿಗೆ ಪುರುಸೊತ್ತು?

ಬರುವಾಗ ಬಸ್ಸಿನಲ್ಲಿ ಅಕ್ಕ ಮೂರು ಸಲ ಕೇಳಿದರು. "ಎತ್ಕೋಬಹುದು ಅಂದ್ರಲ್ವಾ ಅಮ್ಮ?"

ಅವರ ಮನೆ ಅಂಗಳದಲ್ಲಿ ನಿಂತು, ಒಳಗಿದ್ದ ಸೊಸೆಗೂ ಪಕ್ಕದ ಮನೆಗೂ ಕೇಳುವಂತೆ ನಾನೇ ಜೋರಾಗಿ ಹೇಳಿದೆ. "ಎತ್ಕೋಬಹುದಂತೆ!"