ಕಾಳಿಂಗನ ಗೂಡಿನ ಮುಂದೆ ಕ್ಯಾಮೆರಾ ಇಡುವ ಮೊದಲು

ಹಾವು, ಮೊಸಳೆಗಳ ತಜ್ಞ ರೋಮುಲಸ್ ವಿಟೇಕರ್ ಎಂದರೆ ಹೆಚ್ಚಿನವರಿಗೆ ನೆನಪಾಗುವುದು ಮೊಸಳೆಗಳನ್ನು ಸಾಕಿ ಉಳಿಸಲೆಂದು 1976ರಲ್ಲಿ ಶುರುವಾದ ಮದ್ರಾಸಿನ ಮೊಸಳೆ ಬ್ಯಾಂಕ್, ಇಲ್ಲವೇ 1998ರಲ್ಲಿ ಎಮ್ಮಿ ಪ್ರಶಸ್ತಿ ಗೆದ್ದ ಅವರ ಕಾಳಿಂಗ ಸರ್ಪದ ಸಾಕ್ಷ್ಯಚಿತ್ರ. ಮಲೆನಾಡಿನ ಮಟ್ಟಿಗೆ ಅವರ ದೊಡ್ಡ ಕೆಲಸವೆಂದರೆ 2005ರಲ್ಲಿ ಆಗುಂಬೆಯಲ್ಲಿ ಕಟ್ಟಿದ ಮಳೆಕಾಡು ಸಂಶೋಧನಾ ಕೇಂದ್ರ. ಅಲ್ಲಿ 2008ರಿಂದ ಪಶುವೈದ್ಯರ ಕೈಯಲ್ಲಿ ಅರಿವಳಿಕೆ ಕೊಡಿಸಿ, ಹಾವಿನ ಹೊಟ್ಟೆಯೊಳಗೆ ರೇಡಿಯೋ ಸಿಗ್ನಲ್ ಕಳಿಸುವ ಪುಟ್ಟ ಟ್ರಾನ್ಸ್‌ಮಿಟರ್ ಕೂರಿಸಿ, ಆಂಟೆನಾ ಹಿಡಿದು ಕಾಡಲ್ಲಿ ಅದರ ಹಿಂದೆ ಅಲೆದರು. ಗುಡ್ಡಕ್ಕೆ ಬಡಿದ ಸಿಗ್ನಲ್ ಎತ್ತಲಿಂದಲೋ ಬಂದಂತೆ ಕೇಳುತ್ತದೆ. ಹಾಗಾಗಿ ಒಂದೇ ಕಡೆ ನಿಂತು ದಿಕ್ಕು ಹೇಳುವಂತಿಲ್ಲ, ಜಾಗ ಬದಲಿಸಿ ಮತ್ತೆ ಮತ್ತೆ ನೋಡಬೇಕು.

ಆ ಅಲೆದಾಟದಿಂದ ತಿಳಿದದ್ದು ಇವತ್ತಿಗೂ ಬೇಕಾದ ಪಾಠ. ಹಿಡಿದ ಕಾಳಿಂಗವನ್ನು ದೂರದ ಕಾಡಿಗೆ ಬಿಟ್ಟರೆ ಅದು ಅಲ್ಲಿ ನೆಲೆ ನಿಲ್ಲದೆ ಅಲೆಯುತ್ತದೆ. ಗೊತ್ತಿಲ್ಲದ ಜಾಗದಲ್ಲಿ ಅಡಗುವ ಪೊಟರೆ ಎಲ್ಲಿ, ಬೇಟೆಗೆ ಕೇರೆಹಾವು ಎಲ್ಲಿ ಸಿಗುತ್ತದೆ ಎಂಬುದು ಅದಕ್ಕೇನು ಗೊತ್ತು? ಕೊಟ್ಟಿಗೆಗೆ ಬಂದ ಹಾವನ್ನು ಹತ್ತಿರದ ಕಾಡಿಗೇ ಬಿಡಬೇಕು. ತಾನಾಗಿ ಹೋಗುವಂತಿದ್ದರೆ ಹಿಡಿಯಲೇಬಾರದು. ಹಿಡಿಯಲೇಬೇಕಾದರೂ ಕತ್ತು ಅದುಮದೆ, ಬಾಯಿಗೆ ಪೈಪ್ ಕಟ್ಟಿದ ಕಪ್ಪು ಚೀಲವನ್ನು ಗೋಡೆಯ ಬುಡದಲ್ಲಿಟ್ಟು ಕೊಕ್ಕೆಯಿಂದ ದಾರಿ ತೋರಿಸಿದರೆ, ಕತ್ತಲ ಬಿಲವೆಂದು ತಾನೇ ಒಳಗೆ ನುಗ್ಗುತ್ತದೆ. ಇದು ಪಳಗಿದವರ ಕೆಲಸ, ಅರಣ್ಯ ಇಲಾಖೆಗೆ ತಿಳಿಸಿಯೇ ಆಗಬೇಕು.

ಗೂಡಿನ ವಿಷಯ ಇನ್ನೂ ಸೂಕ್ಷ್ಮ. ಬೇಸಿಗೆಯಲ್ಲಿ ಹೆಣ್ಣು ತನ್ನ ಮೈ ಸುರುಳಿಯಿಂದಲೇ ದರಗು ಎಳೆದು ಗುಡ್ಡೆ ಹಾಕಿ, ಒಳಗೆ 20ರಿಂದ 40 ಮೊಟ್ಟೆ ಇಡುತ್ತದೆ. ಹಾವುಗಳಲ್ಲಿ ಹೀಗೆ ಗೂಡು ಕಟ್ಟುವುದು ಕಾಳಿಂಗ ಮಾತ್ರ. ಒತ್ತಾಗಿ ಕೂತ ಮೇಲಿನ ಎಲೆಗಳು ಹುಲ್ಲಿನ ಮಾಡಿನ ಹಾಗೆ ನೀರನ್ನು ಪಕ್ಕಕ್ಕೆ ಇಳಿಸುತ್ತವೆ. ಆಗುಂಬೆಯ ಮಳೆಯಲ್ಲೂ ಮೊಟ್ಟೆಯ ಕೋಣೆ ನೆನೆಯದಿರುವುದು ಇದರಿಂದ. ಒಳಗಿನ ಬಿಸಿ ಸುಮಾರು 28 ಡಿಗ್ರಿ.

ಚಿತ್ರೀಕರಣ ಕೆಡುವುದೂ ಇಲ್ಲೇ. ಮೊಟ್ಟೆ ಚೆನ್ನಾಗಿ ಕಾಣಲಿ ಎಂದು ಮೇಲಿನ ನಾಲ್ಕು ಹಿಡಿ ದರಗು ಸರಿಸಿದರೆ ಆ ಪದರ ಮತ್ತೆ ಹಾಗೆ ಕೂರುವುದಿಲ್ಲ. ಮೊದಲ ಜಡಿಮಳೆಗೇ ನೀರು ಒಳಗಿಳಿದು ಮೊಟ್ಟೆ ಬೂಸ್ಟು ಹಿಡಿಯುತ್ತದೆ. ಮೊಟ್ಟೆ ಹೊರಳಿಸಿದರಂತೂ ಒಳಗಿನ ಭ್ರೂಣ ಸಾಯಬಹುದು. ಗೂಡಿನ ಮುಂದಿನ ಕಡ್ಡಿ ಕೂಡ ಮುರಿಯಬಾರದು, ರಾತ್ರಿ ಲೈಟು ಹಾಕಬಾರದು. ಕಾವಲಿರುವ ತಾಯಿಯನ್ನು ಪದೇಪದೇ ಕೆಣಕಿದರೆ ಗೂಡು ಬಿಟ್ಟು ಹೋದೀತು. ದೂರದಿಂದ ಉದ್ದ ಲೆನ್ಸಿನಲ್ಲಿ ಸಿಕ್ಕಿದಷ್ಟು ಸಾಕು. ಆ ಒಂದು ಶಾಟ್‌ಗಾಗಿ ಒಂದು ಗೂಡನ್ನು ಕಳೆಯುವವರು ಸಂರಕ್ಷಣೆಯ ಮಾತೇ ಆಡಬಾರದು.

ಮನೆಯ ಹತ್ತಿರ ಗೂಡು ಸಿಕ್ಕರೆ ಮೊಟ್ಟೆ ಸಾಗಿಸದೆ, ಒಡೆಯುವ ದಿನ ಸಮೀಪಿಸಿದಾಗ ಸುತ್ತ ಸಣ್ಣ ಕಣ್ಣಿನ ಬಲೆ ಕಟ್ಟುತ್ತಾರೆ. ಬಲೆಯ ಬುಡ ಮಣ್ಣಲ್ಲಿ ಹೂಳದಿದ್ದರೆ ಮರಿಗಳು ಅಡಿಯಿಂದ ನುಸುಳುತ್ತವೆ. ಕಟ್ಟಿದ ಮೇಲೆ ದಿನವೂ ನೋಡಬೇಕು, ಇಲ್ಲದಿದ್ದರೆ ಬೇರೆ ಹಾವು, ಕಪ್ಪೆ ಸಿಕ್ಕಿ ಸಾಯುತ್ತವೆ. ಹೊರಬಂದ ಮರಿಗಳನ್ನು ಸಮೀಪದ ಕಾಡಿನಲ್ಲೇ ಬಿಡಬೇಕು. ಹುಟ್ಟಿದಾಗಲೇ ಅವಕ್ಕೆ ವಿಷವಿರುತ್ತದೆ. ನಮ್ಮ ಆಸ್ಪತ್ರೆಗಳಲ್ಲಿ ಸಿಗುವ ಪ್ರತಿವಿಷ ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ ಈ ನಾಲ್ಕಕ್ಕೆ ತಯಾರಾದದ್ದು, ಕಾಳಿಂಗಕ್ಕಲ್ಲ. ಮರಿ ಎಷ್ಟೇ ಚಿಕ್ಕದಿರಲಿ, ಕೈಯಲ್ಲಿ ಹಿಡಿದು ಫೋಟೋ ತೆಗೆಸಿಕೊಳ್ಳುವುದು ಬೇಡ.