ನಿವೃತ್ತಿಯ ನಂತರದ ಕುರ್ಚಿ

ಮುಂಬಯಿ, 10 ಆಗಸ್ಟ್ 2025, ಭಾನುವಾರ

ಈ ವಾರವೆಲ್ಲ ಫೋರ್ಟ್‌ನ ನಮ್ಮ ವಕೀಲರ ಕಚೇರಿಯಲ್ಲಿ ಒಂದೇ ಚರ್ಚೆ. ಬಾಂಬೆ ಹೈಕೋರ್ಟಿನ ನ್ಯಾಯಮೂರ್ತಿ ಹುದ್ದೆಗೆ ಜುಲೈ 28ರಂದು ಕೊಲಿಜಿಯಂ (ನ್ಯಾಯಮೂರ್ತಿಗಳ ಹೆಸರು ಸೂಚಿಸುವ ಸುಪ್ರೀಂ ಕೋರ್ಟಿನ ಹಿರಿಯ ನ್ಯಾಯಮೂರ್ತಿಗಳ ಮಂಡಳಿ) ಶಿಫಾರಸು ಮಾಡಿದ ಹೆಸರುಗಳಲ್ಲಿ ವಕೀಲೆ ಆರತಿ ಸಾಠೆಯವರದೂ ಒಂದು. ಅವರು ಮಹಾರಾಷ್ಟ್ರ ಬಿಜೆಪಿಯ ವಕ್ತಾರೆಯಾಗಿದ್ದವರು. 2024ರ ಜನವರಿಯಲ್ಲೇ ಆ ಸ್ಥಾನ ಬಿಟ್ಟಿದ್ದಾರೆ ಎಂದು ಪಕ್ಷ ಹೇಳುತ್ತಿದೆ. ಅಷ್ಟು ಸಾಕೇ, ಸರಕಾರದ ವಿರುದ್ಧದ ಅರ್ಜಿ ಅವರ ಮುಂದೆ ಬಂದರೆ ಏನು ಗತಿ ಎಂದು ವಿರೋಧ ಪಕ್ಷದ ಶಾಸಕ ರೋಹಿತ್ ಪವಾರ್ ಮೊದಲಾದವರು ಕೇಳುತ್ತಿದ್ದಾರೆ.

ಕೇಳಬೇಕಾದ ಪ್ರಶ್ನೆಯೇ. ಆದರೂ ವಾದ ಅಲ್ಲಿಗೇ ನಿಂತುಬಿಡುವುದು ನನಗೆ ಸಂಕಟ. ಪೀಠ ಹತ್ತುವ ಮೊದಲು ಒಬ್ಬರು ಏನಾಗಿದ್ದರು ಎಂಬುದು ಎಲ್ಲರಿಗೂ ಕಾಣುವ ಸಂಗತಿ. ಪೀಠದಿಂದ ಇಳಿದ ಮೇಲೆ ಏನಾಗಬೇಕೆಂಬ ಆಸೆ ಮನಸ್ಸಿನಲ್ಲಿದೆಯೋ ಅದು ಯಾರ ಕಣ್ಣಿಗೂ ಬೀಳುವುದಿಲ್ಲ. ನನಗೆ ಭಯ ಎರಡನೆಯದರದ್ದು.

ನಮ್ಮ ಹೈಕೋರ್ಟಿನ ಚರಿತ್ರೆಯನ್ನೇ ನೋಡಬಹುದು. 1897ರಲ್ಲಿ ತಿಲಕರ ಮೇಲೆ ರಾಜದ್ರೋಹದ ಮೊದಲ ಪ್ರಕರಣ ಬಂದಾಗ ಅವರಿಗೆ ಜಾಮೀನು ಕೊಟ್ಟವರು ನ್ಯಾಯಮೂರ್ತಿ ಬದ್ರುದ್ದೀನ್ ತ್ಯಾಬ್ಜಿ. ಅದಕ್ಕೆ ಹತ್ತು ವರ್ಷ ಹಿಂದೆ ಮದ್ರಾಸಿನ ಕಾಂಗ್ರೆಸ್ ಅಧಿವೇಶನದ ಅಧ್ಯಕ್ಷರಾಗಿದ್ದವರೂ ಅವರೇ. ಜಾಮೀನಿಗಾಗಿ ತಿಲಕರ ಪರ ವಾದಿಸಿದ ವಕೀಲರು ದಿನ್‌ಶಾ ದಾವರ್. 1908ರಲ್ಲಿ ತಿಲಕರನ್ನು ಮತ್ತೆ ಹಿಡಿದು ತಂದಾಗ ನ್ಯಾಯಮೂರ್ತಿಯ ಆಸನದಲ್ಲಿದ್ದವರು ಅದೇ ದಾವರ್. ಈ ಸಲ ಜಾಮೀನು ಕೇಳಿದವರು ಜಿನ್ನಾ, ದಾವರ್ ಕೊಡಲಿಲ್ಲ. ಒಂಬತ್ತು ಮಂದಿಯ ಜ್ಯೂರಿಯಲ್ಲಿ ಏಳು ಮಂದಿ ತಪ್ಪಿತಸ್ಥರೆಂದರು, ದಾವರ್ ಆರು ವರ್ಷದ ಶಿಕ್ಷೆ ಬರೆದರು, ತಿಲಕರು ಬರ್ಮಾದ ಮಂಡಾಲೆ ಸೆರೆಮನೆಗೆ ಹೋದರು. ಮುಂಬಯಿಯ ಗಿರಣಿ ಕಾರ್ಮಿಕರು ಆರು ದಿನ ಕೆಲಸಕ್ಕೆ ಹೋಗಲಿಲ್ಲ. ದಾವರ್ ಮುಂದೆ ಸರ್ ದಿನ್‌ಶಾ ಆದರು. ಒಂದು ಕಾಲದಲ್ಲಿ ತಿಲಕರ ವಕೀಲರಾಗಿದ್ದದ್ದು ತೀರ್ಪಿನ ಹೊತ್ತಿನಲ್ಲಿ ಯಾವ ಲೆಕ್ಕಕ್ಕೂ ಬರಲಿಲ್ಲ.

ಮಧ್ಯಾಹ್ನ ಘಾಟ್‌ಕೋಪರ್‌ನಲ್ಲಿ ಮಾವನ ಮನೆಯಲ್ಲಿ ಊಟ. ಮಾವ ಕಾರ್ಕಳದ ಕಡೆಯಿಂದ ಹುಡುಗನಾಗಿದ್ದಾಗ ಇಲ್ಲಿಗೆ ಬಂದವರು. ಹಗಲು ಫೋರ್ಟ್‌ನ ಹೋಟೆಲಿನಲ್ಲಿ ದುಡಿದು, ರಾತ್ರಿ ಕನ್ನಡ ರಾತ್ರಿ ಶಾಲೆಯಲ್ಲಿ ಓದಿದವರು. ಈ ವಿಷಯ ತೆಗೆದರೆ ಅವರು ಕೆ.ಎಸ್. ಹೆಗ್ಡೆಯವರ ಬಳಿಗೇ ಬಂದು ಸೇರುತ್ತಾರೆ. ಇವತ್ತು ನಾನೇ ಮೊದಲು ಆ ಹೆಸರು ಎತ್ತಿದೆ.

ಕಾರ್ಕಳ ತಾಲೂಕಿನ ಕೌಡೂರಿನ ಸದಾನಂದ ಹೆಗ್ಡೆಯವರು 1952ರಲ್ಲಿ ಕಾಂಗ್ರೆಸ್ಸಿನಿಂದ ರಾಜ್ಯಸಭೆಗೆ ಹೋದರು. 1957ರಲ್ಲಿ ಆ ಸದಸ್ಯತ್ವ ಬಿಟ್ಟು ನೇರವಾಗಿ ಮೈಸೂರು ಹೈಕೋರ್ಟಿನ ನ್ಯಾಯಮೂರ್ತಿಯಾದರು. ದಿಲ್ಲಿ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿ, 1967ರಲ್ಲಿ ಸುಪ್ರೀಂ ಕೋರ್ಟಿಗೆ ಬಂದರು. ಇವತ್ತಿನ ಅಳತೆಗೋಲು ಹಿಡಿದರೆ ಅವರ ಹೆಸರು ಮೊದಲ ದಿನವೇ ಬಿದ್ದುಹೋಗುತ್ತಿತ್ತು. ಆಳುವ ಪಕ್ಷದ ಸಂಸದರೊಬ್ಬರು ಸಂಸತ್ತಿನಿಂದ ಎದ್ದು ಬಂದು ನ್ಯಾಯಪೀಠದಲ್ಲಿ ಕೂರುವುದೆಂದರೆ ಟಿ.ವಿ. ಚರ್ಚೆಗಳಲ್ಲಿ ಎಷ್ಟು ಕೂಗಾಟ ಆಗುತ್ತಿತ್ತೋ!

ಅವರು ಮಾಡಿದ್ದೇನು? 1970ರ ಬ್ಯಾಂಕ್ ರಾಷ್ಟ್ರೀಕರಣದ ಮೊಕದ್ದಮೆಯಲ್ಲಿ ಹನ್ನೊಂದು ನ್ಯಾಯಮೂರ್ತಿಗಳ ಪೈಕಿ ಹತ್ತು ಮಂದಿ ಸರಕಾರದ ಕಾಯಿದೆಯನ್ನು ಹೊಡೆದುಹಾಕಿದರು. ಹೆಗ್ಡೆ ಆ ಹತ್ತರಲ್ಲಿದ್ದರು. ಉಳಿದ ಒಬ್ಬರು ಎ.ಎನ್. ರೇ. ಅದೇ ವರ್ಷದ ಕೊನೆಗೆ, ಹಳೆಯ ರಾಜರಿಗೆ ಸರಕಾರ ಕೊಡುತ್ತಿದ್ದ ರಾಜಧನದ ಪ್ರಕರಣದಲ್ಲೂ ಹೆಗ್ಡೆ ಸರಕಾರದ ವಿರುದ್ಧದ ಬಹುಮತದಲ್ಲಿದ್ದರು. (ಬ್ಯಾಂಕ್ ತೀರ್ಪು ಸರಿಯಲ್ಲ ಎಂದೇ ಮಾವನ ಅಭಿಪ್ರಾಯ. 1969ರಲ್ಲಿ ರಾಷ್ಟ್ರೀಕರಣವಾದ 14 ಬ್ಯಾಂಕುಗಳಲ್ಲಿ ನಮ್ಮ ಊರ ಕಡೆಯ ಕೆನರಾ, ಸಿಂಡಿಕೇಟ್ ಎರಡೂ ಇದ್ದವು, ಅದರಿಂದ ಬಡವರಿಗೆ ಬ್ಯಾಂಕಿನ ಬಾಗಿಲು ತೆರೆಯಿತು ಎನ್ನುತ್ತಾರೆ. ನಾನೂ ಒಪ್ಪುತ್ತೇನೆ. ತೀರ್ಪು ನಮಗೆ ಹಿಡಿಸಬೇಕೆಂದೇನೂ ಇಲ್ಲ.) 1972ರಲ್ಲಿ ಇಂದಿರಾ ಗಾಂಧಿಯವರ ಚುನಾವಣೆಯನ್ನು ಪ್ರಶ್ನಿಸಿದ ರಾಜ್ ನಾರಾಯಣ್ ಅವರ ಮೇಲ್ಮನವಿ ಹೆಗ್ಡೆಯವರ ಮುಂದೆ ಬಂತು, ಅವರು ರಾಜ್ ನಾರಾಯಣ್ ಪರವಾಗಿ ಆದೇಶ ಬರೆದರು. 1975ರ ಜೂನ್ 12ರಂದು ಅಲಹಾಬಾದಿನಲ್ಲಿ ಪ್ರಧಾನಿಯ ಆಯ್ಕೆ ರದ್ದಾದದ್ದು ಇದೇ ಮೊಕದ್ದಮೆಯಲ್ಲಿ.

ಆಮೇಲೆ ಕೇಶವಾನಂದ ಭಾರತಿ ಪ್ರಕರಣ. ಅರ್ಜಿದಾರರು ಕಾಸರಗೋಡಿನ ಎಡನೀರು ಮಠದ ಸ್ವಾಮೀಜಿ. 1973ರ ಏಪ್ರಿಲ್ 24ರಂದು 13 ನ್ಯಾಯಮೂರ್ತಿಗಳ ಪೀಠ 7–6ರ ಬಹುಮತದಿಂದ, ಸಂವಿಧಾನದ ಮೂಲ ಸ್ವರೂಪವನ್ನು ಸಂಸತ್ತು ಕೂಡ ಕೆಡಿಸುವಂತಿಲ್ಲ ಎಂದಿತು. ಆ ಏಳರಲ್ಲಿ ಶೆಲಾತ್, ಹೆಗ್ಡೆ, ಗ್ರೋವರ್ ಇದ್ದರು, ರೇ ಆರರಲ್ಲಿದ್ದರು. ಮರುದಿನವೇ ಆ ಮೂವರು ಹಿರಿಯರನ್ನು ದಾಟಿ ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಎಂದು ಘೋಷಿಸಲಾಯಿತು. ಮೂವರೂ ರಾಜೀನಾಮೆ ಕೊಟ್ಟರು.

“ಆಕಾಶವಾಣಿಯ ವಾರ್ತೆಯಲ್ಲಿ ಕೇಳಿದೆವು. ಹೋಟೆಲಿನಲ್ಲಿ ನಾವೆಲ್ಲ ಕೈಯಲ್ಲಿದ್ದ ಕೆಲಸ ಬಿಟ್ಟು ನಿಂತುಬಿಟ್ಟೆವು. ನಮ್ಮ ಊರಿನವರು ಭಾರತದ ಮುಖ್ಯ ನ್ಯಾಯಮೂರ್ತಿ ಆಗುತ್ತಾರೆಂದು ಕಾದಿದ್ದೆವು ಮಾರಾಯ್ತಿ,” ಎಂದರು ಮಾವ. ಅರ್ಧ ಶತಮಾನ ಕಳೆದರೂ ಆ ನೋವು ಅವರಲ್ಲಿ ಆರಿಲ್ಲ.

ಆಗ ಕೇಂದ್ರದ ಕಾನೂನು ಸಚಿವರಾಗಿದ್ದವರು ಎಚ್.ಆರ್. ಗೋಖಲೆ. ಅವರು ಇದೇ ಬಾಂಬೆ ಹೈಕೋರ್ಟಿನ ನ್ಯಾಯಮೂರ್ತಿಯಾಗಿದ್ದು ರಾಜೀನಾಮೆ ಕೊಟ್ಟು, ಆಮೇಲೆ ಚುನಾವಣೆ ಗೆದ್ದವರು. ತುರ್ತುಪರಿಸ್ಥಿತಿಯ ಉದ್ದಕ್ಕೂ ಆ ಖಾತೆ ಅವರದೇ. ಸಂಸದರಾಗಿದ್ದವರು ನ್ಯಾಯಮೂರ್ತಿಯಾಗಿ ಸರಕಾರಕ್ಕೆ ತಲೆಬಾಗಲಿಲ್ಲ, ನ್ಯಾಯಮೂರ್ತಿಯಾಗಿದ್ದವರು ಸಚಿವರಾಗಿ ಆ ನಿರ್ಧಾರದ ಪಾಲುದಾರರಾದರು.

ಮಾವನಿಗೆ ನನ್ನ ವಾದ ಪೂರ್ತಿ ಹಿಡಿಸಲಿಲ್ಲ. “ಹೆಗ್ಡೆಯವರೂ 1977ರಲ್ಲಿ ಬೆಂಗಳೂರು ದಕ್ಷಿಣದಿಂದ ಜನತಾ ಪಕ್ಷದಲ್ಲಿ ನಿಂತು ಗೆದ್ದರಲ್ಲ, ಲೋಕಸಭೆಯ ಸ್ಪೀಕರ್ ಆದರಲ್ಲ? ಅದೂ ನಿವೃತ್ತಿಯ ನಂತರದ ಕುರ್ಚಿಯೇ,” ಎಂದರು.

ಹೌದು. ಆದರೆ ಪೀಠ ಬಿಟ್ಟು ನಾಲ್ಕು ವರ್ಷವಾಗಿತ್ತು. ಕುರ್ಚಿ ಕೊಡುವ ಶಕ್ತಿಯಿದ್ದ ಸರಕಾರವನ್ನು ಎದುರು ಹಾಕಿಕೊಂಡೇ ಅವರು ಹೊರಬಂದಿದ್ದರು. ಮತ ಕೊಟ್ಟವರು ಬೆಂಗಳೂರಿನ ಜನ. ಯಾವ ತೀರ್ಪಿಗೂ ಅದು ಪ್ರತಿಫಲವಾಗಿರಲು ಸಾಧ್ಯವಿರಲಿಲ್ಲ.

ಇದರ ಪಕ್ಕದಲ್ಲಿ ನಮ್ಮ ಕಡೆಯದೇ ಇನ್ನೊಂದು ಹೆಸರು ಇಡಬೇಕಾಗುತ್ತದೆ. ಇಡುವಾಗ ಮನಸ್ಸಿಗೆ ಕಷ್ಟವಾಗುತ್ತದೆ. ಮೂಡುಬಿದಿರೆ ಬಳಿಯ ಬೆಳುವಾಯಿಯ ಅಬ್ದುಲ್ ನಜೀರ್ ಅವರು ಸುಪ್ರೀಂ ಕೋರ್ಟಿನವರೆಗೆ ಏರಿದ್ದು ಕರಾವಳಿಗೆ ಹೆಮ್ಮೆಯ ವಿಷಯ. 2019ರ ಅಯೋಧ್ಯೆ ತೀರ್ಪಿನ ಪೀಠದಲ್ಲಿದ್ದರು. ನೋಟು ರದ್ದತಿಯ ಪೀಠದ ನೇತೃತ್ವ ಅವರದೇ. 2023ರ ಜನವರಿ 2ರಂದು 4–1ರ ಬಹುಮತದಿಂದ ಸರಕಾರದ ನಿರ್ಧಾರ ಸಿಂಧು ಎಂದಾಯಿತು. ಭಿನ್ನಮತ ಬರೆದವರು ಕರ್ನಾಟಕದವರೇ ಆದ ಬಿ.ವಿ. ನಾಗರತ್ನ. ಜನವರಿ 4ರಂದು ನಜೀರ್ ನಿವೃತ್ತರಾದರು, ಫೆಬ್ರುವರಿ 12ರಂದು ಆಂಧ್ರಪ್ರದೇಶದ ರಾಜ್ಯಪಾಲರಾಗಿ ನೇಮಕವಾದರು. ಆ ತೀರ್ಪುಗಳು ಅವರ ಅಂತಃಕರಣ ಒಪ್ಪಿದ ತೀರ್ಪುಗಳೇ ಇರಬಹುದು. ಅಲ್ಲ ಎನ್ನಲು ನನ್ನ ಬಳಿ ಏನೂ ಆಧಾರವಿಲ್ಲ. ಆದರೆ ಮೊಕದ್ದಮೆ ಸೋತವನ ಮನಸ್ಸಿನಲ್ಲಿ ಉಳಿಯುವ ಅನುಮಾನಕ್ಕೆ ಯಾರು ಉತ್ತರ ಹೇಳಬೇಕು? ರಾಜ್ಯಪಾಲರು ಆ ಹುದ್ದೆಯಲ್ಲಿ ಉಳಿಯುವುದೇ ರಾಷ್ಟ್ರಪತಿಯ, ಎಂದರೆ ಕೇಂದ್ರ ಸರಕಾರದ, ಇಚ್ಛೆ ಇರುವವರೆಗೆ.

ಇದು ಒಂದು ಪಕ್ಷದ ದೋಷ ಎಂದು ಯಾರೂ ತಿಳಿಯಬಾರದು. ಕಾಂಗ್ರೆಸ್ ಸಂಸದರಾಗಿದ್ದ ಬಹರುಲ್ ಇಸ್ಲಾಂ ನ್ಯಾಯಮೂರ್ತಿಯಾಗಿ, 1983ರಲ್ಲಿ ನಿವೃತ್ತಿಗೆ ಕೆಲವೇ ವಾರ ಇರುವಾಗ ಸುಪ್ರೀಂ ಕೋರ್ಟಿಗೆ ರಾಜೀನಾಮೆ ಕೊಟ್ಟು ಮತ್ತೆ ಕಾಂಗ್ರೆಸ್ ರಾಜಕೀಯಕ್ಕೆ ಹೋದರು. ರಂಜನ್ ಗೊಗೊಯ್ 2019ರ ನವೆಂಬರಿನಲ್ಲಿ ಮುಖ್ಯ ನ್ಯಾಯಮೂರ್ತಿಯಾಗಿ ನಿವೃತ್ತರಾಗಿ ಮರುವರ್ಷ ಮಾರ್ಚಿನಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು.

1949ರಲ್ಲೇ ಸಂವಿಧಾನ ಸಭೆಯಲ್ಲಿ ಕೆ.ಟಿ. ಶಾ ಇದಕ್ಕೆ ತಡೆ ಹಾಕಬೇಕೆಂದು ಕೇಳಿದ್ದರು. ಅಂಬೇಡ್ಕರ್ ಒಪ್ಪಲಿಲ್ಲ, ನ್ಯಾಯಾಲಯಗಳಿಗೆ ಬರುವ ವ್ಯಾಜ್ಯಗಳಲ್ಲಿ ಸರಕಾರಕ್ಕೆ ಆಸಕ್ತಿ ಇರುವುದೇ ಕಡಿಮೆ ಎಂಬುದು ಅವರ ಕಾರಣ. ಆ ಕಾಲಕ್ಕೆ ಅದು ನಿಜ. ಇವತ್ತು ನಮ್ಮ ಕಚೇರಿಯ ಕಪಾಟು ತೆರೆದರೆ ಒಂದು ಕಡೆ ಸರಕಾರವೇ ಇರುವ ಕಡತಗಳು ಎಷ್ಟು! ಸರಕಾರದ ಲೆಕ್ಕ ತಪಾಸಣೆ ಮಾಡುವ ಮಹಾಲೇಖಪಾಲರು (ಸಿಎಜಿ) ಹುದ್ದೆ ಬಿಟ್ಟ ಮೇಲೆ ಸರಕಾರದ ಯಾವ ಹುದ್ದೆಗೂ ಅರ್ಹರಲ್ಲ ಎಂದು ಸಂವಿಧಾನದ 148(4)ನೇ ವಿಧಿ ಹೇಳುತ್ತದೆ. ಲೆಕ್ಕ ನೋಡುವವರಿಗೆ ಇರುವ ಈ ಕಟ್ಟುಪಾಡು ನ್ಯಾಯ ನೋಡುವವರಿಗೆ ಏಕಿಲ್ಲ?

“ಹಾಗಾದರೆ ಸಂತೋಷ್ ಹೆಗ್ಡೆಯವರು?” ಎಂದರು ಮಾವ. ಇದು ಗಟ್ಟಿ ಪ್ರಶ್ನೆ. ಕೆ.ಎಸ್. ಹೆಗ್ಡೆಯವರ ಮಗ ಅವರು, ತಂದೆಯಂತೆ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯಾಗಿ 2005ರಲ್ಲಿ ನಿವೃತ್ತರಾದವರು, 2006ರಲ್ಲಿ ಕರ್ನಾಟಕದ ಲೋಕಾಯುಕ್ತರಾದರು. 2011ರ ಜುಲೈಯಲ್ಲಿ ಅವರ ಅಕ್ರಮ ಗಣಿಗಾರಿಕೆಯ ವರದಿ ಬಂದು ಯಡಿಯೂರಪ್ಪನವರು ಮುಖ್ಯಮಂತ್ರಿ ಸ್ಥಾನ ಬಿಟ್ಟರು. ನಿವೃತ್ತರಿಗೆ ಹುದ್ದೆಯೇ ಬೇಡ ಎಂದಿದ್ದರೆ ಆ ವರದಿ ಎಲ್ಲಿಂದ ಬರುತ್ತಿತ್ತು? ಅದಕ್ಕೇ ನಾನು ಭೇದ ಮಾಡುತ್ತೇನೆ. ಅವಧಿ ನಿಗದಿಯಾಗಿರುವ, ಸರಕಾರ ಬೇಕೆಂದಾಗ ಕಿತ್ತುಹಾಕಲಾಗದ, ಆಯ್ಕೆಯಲ್ಲಿ ವಿರೋಧ ಪಕ್ಷದವರಿಗೂ ಮಾತಿರುವ ಹುದ್ದೆಗಳು ಇರಲಿ. ಸರಕಾರದ ಮರ್ಜಿಯಿಂದ ಸಿಗುವ ರಾಜ್ಯಪಾಲಗಿರಿ, ನಾಮಕರಣದ ಸಂಸತ್ ಸ್ಥಾನ ನ್ಯಾಯಮೂರ್ತಿಗಳಿಗೆ ಜೀವಮಾನವಿಡೀ ಬೇಡ.

2025ರ ಮೇಯಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯಾದ ಭೂಷಣ್ ಗವಾಯಿ ಅಮರಾವತಿಯವರು, ರಾಜಕಾರಣಿ ಆರ್.ಎಸ್. ಗವಾಯಿಯವರ ಮಗ. 2023ರಲ್ಲಿ ರಾಹುಲ್ ಗಾಂಧಿಯವರ ಮೇಲ್ಮನವಿ ಬಂದಾಗ, ತಮ್ಮ ತಂದೆಗೆ ಕಾಂಗ್ರೆಸ್ಸಿನ ನಂಟಿತ್ತು, ಆಕ್ಷೇಪವಿದ್ದರೆ ಹೇಳಿ ಎಂದು ಎರಡೂ ಕಡೆಯವರನ್ನು ತೆರೆದ ನ್ಯಾಯಾಲಯದಲ್ಲೇ ಕೇಳಿದರು, ಯಾರೂ ಆಕ್ಷೇಪಿಸಲಿಲ್ಲ. ಹಿಂದಿನ ನಂಟಿಗೆ ಇದು ಸರಿಯಾದ ಮದ್ದು. ಪೀಠದಲ್ಲಿ ಸಾಠೆಯವರೂ ಇದನ್ನೇ ಮಾಡಲಿ, ಪಕ್ಷದ ಮೊಕದ್ದಮೆಗಳಿಂದ ದೂರ ಉಳಿಯಲಿ. ನಿವೃತ್ತಿಯ ನಂತರ ಯಾವ ಹುದ್ದೆಯನ್ನೂ ಒಪ್ಪುವುದಿಲ್ಲ ಎಂದೂ ಗವಾಯಿಯವರು ಹೇಳಿದ್ದಾರೆ. ಅವರ ಅವಧಿ 2025ರ ನವೆಂಬರಿನವರೆಗೆ. ಮಾತು ಉಳಿಸಿಕೊಳ್ಳುತ್ತಾರೆಂದು ನಂಬಿದ್ದೇನೆ. ಅವರ ನಂತರದವರು ಅಂಥ ಮಾತು ಕೊಡಬೇಕೆಂದು ಮಾತ್ರ ಯಾವ ಕಾಯಿದೆಯೂ ಹೇಳುವುದಿಲ್ಲ.

ಚುನಾವಣೆಗೆ ನಿಲ್ಲಲು ಎರಡು ವರ್ಷದ ಅಂತರ ಸಾಕು ಎಂದರು ಮಾವ. ಅದಕ್ಕೆ ನಾನು ಒಪ್ಪಿದೆ. ರಾಜ್ಯಪಾಲರಾಗಲೂ ಎರಡು ವರ್ಷ ಸಾಕಲ್ಲವೇ ಎಂದರು. ಅದಕ್ಕೆ ಒಪ್ಪಲಿಲ್ಲ. ಆ ಮಾತು ತೀರ್ಮಾನವಾಗದೆ ಹಾಗೆಯೇ ಉಳಿದಿದೆ.