ಹಳಿ ಮುಗಿಯುವಲ್ಲಿ ಫೋಲ್ಸಮ್

ಸ್ಯಾಕ್ರಮೆಂಟೊ ನಗರದಿಂದ ಪೂರ್ವಕ್ಕೆ ಹೊರಡುವ ಲೈಟ್ ರೈಲಿನ ಗೋಲ್ಡ್ ಲೈನ್ ಕೊನೆಗೊಳ್ಳುವುದು ಹಿಸ್ಟಾರಿಕ್ ಫೋಲ್ಸಮ್ ಎಂಬ ನಿಲ್ದಾಣದಲ್ಲಿ. ಕ್ಯಾಲಿಫೋರ್ನಿಯಾದಲ್ಲಿರುವ ತಮ್ಮನ ಮನೆಗೆ ಹೋಗಿದ್ದಾಗ, ಅಕ್ಟೋಬರ್ ತಿಂಗಳ ಒಂದು ಬೆಳಿಗ್ಗೆ, ನಾನು ಆ ದಾರಿ ಹಿಡಿದೆ. "ಕಾರಲ್ಲಿ ಅರ್ಧ ಗಂಟೆ ಅಣ್ಣಾ, ನಾನೇ ಬಿಟ್ಟು ಬರ್ತೀನಿ" ಎಂದು ಅವನು ಎರಡು ಬಾರಿ ಹೇಳಿದರೂ ನಾನು ಒಪ್ಪಲಿಲ್ಲ. ನನಗೆ ನೋಡಬೇಕಿದ್ದದ್ದು ಫೋಲ್ಸಮ್ ಊರಿಗಿಂತ ಹೆಚ್ಚಾಗಿ ಅಲ್ಲಿಗೆ ಹೋಗುವ ಹಳಿಯ ದಾರಿ.

ನಗರದ ಬೀದಿಗಳಲ್ಲಿ ಟ್ರಾಮಿನಂತೆ ತೆವಳುವ ಈ ರೈಲು ಆರ್ ಸ್ಟ್ರೀಟ್ ತಲುಪಿದೊಡನೆ ಹಳೆಯ ರೈಲುದಾರಿಗೆ ಬಂದಂತೆ. 1856ರ ಫೆಬ್ರವರಿ 22ರಂದು ಸ್ಯಾಕ್ರಮೆಂಟೊ ವ್ಯಾಲಿ ರೈಲ್‌ರೋಡ್ ತನ್ನ 22 ಮೈಲಿಗಳ ಸಂಚಾರವನ್ನು ಆರಂಭಿಸಿದ್ದು ಇದೇ ದಿಕ್ಕಿನಲ್ಲಿ. ಕ್ಯಾಲಿಫೋರ್ನಿಯಾದ ಮೊದಲ ಉಗಿಬಂಡಿ ಮಾರ್ಗವಾದ ಅದಕ್ಕೆ ಬೇಕಾದ ಕಬ್ಬಿಣದ ಹಳಿಗಳು ಅಮೆರಿಕದ ಪೂರ್ವ ಕರಾವಳಿಯಿಂದ ಹಡಗಿನಲ್ಲಿ, ದಕ್ಷಿಣ ಅಮೆರಿಕದ ತುದಿಯಾದ ಕೇಪ್ ಹಾರ್ನ್ ಅನ್ನು ಬಳಸಿಕೊಂಡು ಬಂದವು. ಅಷ್ಟು ದೂರ ಸಾಗಿಬಂದ ಹಳಿ ಕೇವಲ 22 ಮೈಲಿಗೆ ನಿಂತಿತೆಂದರೆ ಕಾರಣ ಸರಳ: ಕಂಪನಿಯ ಯೋಜನೆಯಲ್ಲಿ ಇನ್ನೂ ಉತ್ತರದ ಊರುಗಳಿದ್ದವು, ಹಣ ಮಾತ್ರ ಫೋಲ್ಸಮ್‌ವರೆಗೆ ಸಾಕಾಯಿತು.

ಸನ್‌ರೈಸ್ ನಿಲ್ದಾಣ ದಾಟಿದ ಮೇಲೆ ಬಹುಪಾಲು ಒಂದೇ ಹಳಿ. ಈ ಭಾಗದಲ್ಲಿ ಫೋಲ್ಸಮ್ ಬುಲವಾರ್ಡ್ ರಸ್ತೆಯ ಆಸುಪಾಸಿನಲ್ಲಿ ಅಲ್ಲಲ್ಲಿ ಕಾಣುವ ಉರುಟು ಕಲ್ಲುಗಳ ದಿಬ್ಬಗಳನ್ನು ನೋಡಿ ಯಾವುದೋ ಕಟ್ಟಡದ ಕೆಲಸವೆಂದುಕೊಂಡೆ. ಅವು ಚಿನ್ನದ ಕಸ. ಚಿನ್ನ ಹುಡುಕುತ್ತಾ ಮೊದಲು ಬಂದವರು ಬೋಗುಣಿಯಲ್ಲಿ ಮರಳು ಜಾಲಿಸಿ ಚಿನ್ನ ಹೆಕ್ಕಿದರೆ, 20ನೆಯ ಶತಮಾನದಲ್ಲಿ ಕಂಪನಿಗಳು ತೇಲುವ ಯಂತ್ರಗಳಿಂದ ನೆಲವನ್ನೇ ಬಗೆದು, ಚಿನ್ನವನ್ನು ಇಟ್ಟುಕೊಂಡು ಕಲ್ಲನ್ನು ಹಿಂದಕ್ಕೆ ಸುರಿದು ಹೋದವು. ಕಲ್ಲು ಮೇಲಾಗಿ ಮಣ್ಣು ಕೆಳಗಾದ ಆ ನೆಲದಲ್ಲಿ ಇಂದಿಗೂ ಬೇಸಾಯ ಸಾಧ್ಯವಿಲ್ಲವೆನ್ನುವುದು ನೋಡಿದರೇ ತಿಳಿಯುತ್ತದೆ.

ಫೋಲ್ಸಮ್ ನಿಲ್ದಾಣಕ್ಕೆ ಲೈಟ್ ರೈಲು ಬಂದದ್ದು 2005ರ ಅಕ್ಟೋಬರ್‌ನಲ್ಲಿ. ಊರುಗಳು ತಮ್ಮ ಹೆಸರಿನ ಮುಂದೆ ತಾವೇ 'ಐತಿಹಾಸಿಕ' ಎಂದು ಹಚ್ಚಿಕೊಳ್ಳುವುದರಲ್ಲಿ ನನಗೆ ಅಷ್ಟು ನಂಬಿಕೆಯಿಲ್ಲ. ಇಲ್ಲಿ ಮಾತ್ರ ಆ ಮಾತನ್ನು ಹಿಂತೆಗೆದುಕೊಳ್ಳಬೇಕಾಯಿತು. ರೈಲುಮಾರ್ಗವನ್ನು ರೂಪಿಸಿದ ಎಂಜಿನಿಯರ್ ಥಿಯೊಡೋರ್ ಜುಡಾ ಈ ಊರಿನ ಬೀದಿಗಳ ನಕ್ಷೆಯನ್ನೂ ಬರೆದ. ಜಮೀನಿನ ಒಡೆಯ ಜೋಸೆಫ್ ಫೋಲ್ಸಮ್ 1855ರಲ್ಲೇ ತೀರಿಕೊಂಡಿದ್ದರಿಂದ ತನ್ನ ಹೆಸರಿನ ಊರಿಗೆ ರೈಲು ಬಂದದ್ದನ್ನು ಆತ ಕಾಣಲಿಲ್ಲ. ಜುಡಾನ ಕಥೆ ಇನ್ನೂ ವಿಚಿತ್ರ. ಸಿಯೆರಾ ನೆವಾಡ ಬೆಟ್ಟಗಳನ್ನು ದಾಟಿ ಅಮೆರಿಕದ ಎರಡೂ ತೀರಗಳನ್ನು ಕೂಡಿಸುವ ಮಾರ್ಗವನ್ನು ಗುರುತಿಸಿದವನೂ ಅವನೇ; ಆದರೆ ಆ ಮಾರ್ಗ ಫೋಲ್ಸಮ್ ಅನ್ನು ಬದಿಗೆ ಬಿಟ್ಟು ಈಗಿನ ರೋಸ್‌ವಿಲ್ ಕಡೆಯಿಂದ ಹೋಯಿತು. 1863ರಲ್ಲಿ ಅದರ ಕೆಲಸ ಆರಂಭವಾದ ವರ್ಷವೇ ಜುಡಾ ಹಳದಿ ಜ್ವರದಿಂದ (ಯೆಲ್ಲೋ ಫೀವರ್) ಸತ್ತ. 1865ರಲ್ಲಿ ಹಳೆಯ ಕಂಪನಿ, ಆ ಹೊಸ ಮಾರ್ಗವನ್ನು ಕಟ್ಟುತ್ತಿದ್ದ ಸೆಂಟ್ರಲ್ ಪೆಸಿಫಿಕ್ ಕಂಪನಿಯ ವಶವಾಯಿತು. ಮೊದಲು ರೈಲು ಕಂಡ ಊರು ಹೀಗೆ ಕವಲುದಾರಿಯ ಊರಾಯಿತು.

ನಿಲ್ದಾಣದಿಂದ ಕೆಲವೇ ಹೆಜ್ಜೆಗಳ ದೂರದಲ್ಲಿ ಎಂಜಿನ್ ತಿರುಗಿಸುವ ಟರ್ನ್‌ಟೇಬಲ್ ಇದೆ. ಗ್ರಾನೈಟ್ ಕಲ್ಲು ಕಟ್ಟಿದ ದುಂಡನೆಯ ಗುಂಡಿ. ಅದರ ಮೇಲೆ ಅಡ್ಡಲಾಗಿ ಮರದ ಸೇತುವೆ. ಸೇತುವೆಯ ಮೇಲೆ ಒಂದು ಜೊತೆ ಹಳಿ. ಮರದ ಭಾಗ ಇತ್ತೀಚೆಗೆ ಮರಳಿ ಕಟ್ಟಿದ್ದು. ಉಗಿ ಎಂಜಿನ್ ಮುಂದಕ್ಕೆ ಓಡುವಷ್ಟು ಸಲೀಸಾಗಿ ಹಿಂದಕ್ಕೆ ಓಡದು. ಆದ್ದರಿಂದ ಹಳಿ ಮುಗಿಯುವ ಊರಿನಲ್ಲಿ ಅದರ ಮುಖ ತಿರುಗಿಸಲೇಬೇಕು. ಎಂಜಿನ್ನಿನ ಭಾರ ನಟ್ಟನಡುವಿನ ಗೂಟದ ಮೇಲೆ ಸರಿಯಾಗಿ ಕೂತರೆ ನಾಲ್ಕಾರು ಆಳುಗಳು ತಳ್ಳಿಯೇ ಅದನ್ನು ತಿರುಗಿಸಬಹುದು. ನಮ್ಮ ಹಳ್ಳಿಯ ಗಾಣದಲ್ಲಿ ಎತ್ತು ಸುತ್ತುವಂತೆಯೇ.

ಅಲ್ಲಿಂದ ನದಿಯ ಕಡೆಗೆ ಸ್ವಲ್ಪ ನಡೆದರೆ ಫೋಲ್ಸಮ್ ಪವರ್‌ಹೌಸ್ ಎಂಬ ಹಳೆಯ ಜಲವಿದ್ಯುತ್ ಕೇಂದ್ರ. 1895ರ ಜುಲೈನಲ್ಲಿ ಇಲ್ಲಿಂದ ಸ್ಯಾಕ್ರಮೆಂಟೊಗೆ, ಅದೇ 22 ಮೈಲಿಗಳ ದೂರಕ್ಕೆ, ವಿದ್ಯುತ್ ಹರಿಯಿತು. ಅಲ್ಲಿನ ಟ್ರಾಮುಗಳೂ ಅದರಿಂದಲೇ ಓಡಿದವು. ಸಾಲಾಗಿ ನಿಂತಿರುವ ನಾಲ್ಕು ಜನರೇಟರುಗಳನ್ನು ತಯಾರಿಸಿದ್ದು ಜನರಲ್ ಎಲೆಕ್ಟ್ರಿಕ್. ಏಳು ವರ್ಷಗಳ ತರುವಾಯ, 1902ರಲ್ಲಿ, ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ಸುಮಾರು 150 ಕಿಲೋಮೀಟರ್ ದೂರ ವಿದ್ಯುತ್ ಒಯ್ದ ಯೋಜನೆಯಲ್ಲೂ ಅದೇ ಕಂಪನಿಯ ಯಂತ್ರಗಳಿದ್ದವು. ಎರಡೂ ಕಡೆ ನೀರು, ಎರಡೂ ಕಡೆ ಚಿನ್ನ. ನಾನು ಆ ಜನರೇಟರುಗಳ ಮುಂದೆ ಬೇಕಾದುದಕ್ಕಿಂತ ಹೆಚ್ಚು ಹೊತ್ತು ನಿಂತದ್ದು ಈ ಕಾರಣಕ್ಕೆ.

ಅದರ ಫಲವಾಗಿ ರೈಲು ತಪ್ಪಿತು. ಮುಂದಿನದಕ್ಕೆ ಅರ್ಧ ಗಂಟೆ ಕಾಯುತ್ತಾ ಬೆಂಚಿನಲ್ಲಿ ಕುಳಿತೆ. ರೈಲು ಬಂದು ನಿಂತಿತು, ಜನ ಇಳಿದರು. ಚಾಲಕಿ ತನ್ನ ಚೀಲ, ನೀರಿನ ಬಾಟಲಿ ಎತ್ತಿಕೊಂಡು ಪ್ಲಾಟ್‌ಫಾರಂ ಉದ್ದಕ್ಕೂ ನಿಧಾನವಾಗಿ ನಡೆದು, ಇನ್ನೊಂದು ತುದಿಯ ಕ್ಯಾಬಿನ್ ಹತ್ತಿ ಬಾಗಿಲು ಹಾಕಿಕೊಂಡಳು. ಸ್ವಲ್ಪ ಹೊತ್ತಿನಲ್ಲೇ ಆ ತುದಿಯ ದೀಪ ಹೊತ್ತಿಕೊಂಡಿತು.